ಮುಂದಿನ ಎಡಗಾಲಿಯ ಸದ್ದು

ನಾನಿರುವುದು ರಾಯಚೂರಿನಲ್ಲಿ, ಕನ್ನಡ ಪಾಠ ಮಾಡುವುದು ದೇವದುರ್ಗದ ಸರ್ಕಾರಿ ಕಾಲೇಜಿನಲ್ಲಿ. ದಿನಾ ಹೋಗಿ ಬರುವುದು ನನ್ನ ಕಾರಿನಲ್ಲೇ. ಅಪ್ಪ ಅಕ್ಕಿ ಗಿರಣಿಯಲ್ಲಿ ಚೀಲ ಹೊರುತ್ತಿದ್ದ ಮನೆಯಲ್ಲಿ ಹುಟ್ಟಿದವಳಿಗೆ ಕಾರು ಬಂದದ್ದು ನಲವತ್ತು ದಾಟಿದ ಮೇಲೆ. ಕೊಂಡ ದಿನ ಅವ್ವ ಇನ್ನೂ ಇದ್ದಳು. ಹಿಂದಿನ ಸೀಟಿನ ತುದಿಯಲ್ಲಿ ಕೂತು, ಎರಡೂ ಕೈಯಿಂದ ಮುಂದಿನ ಸೀಟನ್ನು ಅವಚಿ ಹಿಡಿದು, ನಾನು ಗಾಡಿ ಶುರು ಮಾಡುವ ಮೊದಲೇ ಸಾವಕಾಶ ಹೊಡಿ ಎಂದಿದ್ದಳು. ಈಗ ಅವಳಿಲ್ಲ. ತಮ್ಮ ಕಲಬುರಗಿಯಲ್ಲಿ ಸಂಸಾರವಂದಿಗ. ಬಾಡಿಗೆ ಮನೆಯ ಮೇಲಂತಸ್ತಿನಲ್ಲಿ ನಾನೊಬ್ಬಳೇ.

ಬಹಳ ವರ್ಷ ಆ ಕಾರಿನಲ್ಲಿ ನಾವು ನಾಲ್ವರು ಹೋಗುತ್ತಿದ್ದೆವು. ನನ್ನ ಪಕ್ಕದ ಸೀಟು ಅರ್ಥಶಾಸ್ತ್ರದ ಸರ್‌ದು. ಅವರು ಪೇಪರು ಹರವಿಕೊಂಡು ಸುದ್ದಿಗಳನ್ನು ಗಟ್ಟಿಯಾಗಿ ಓದುತ್ತಿದ್ದರು, ಓದಿದ್ದಕ್ಕೆಲ್ಲ ತಮ್ಮದೊಂದು ತೀರ್ಪು ಕೊಡುತ್ತಿದ್ದರು. ಹಿಂದೆ ಭೌತಶಾಸ್ತ್ರದ ಮೇಡಂ; ಅವರಿಗೆ ಬೆಳಗಿನ ತಿಂಡಿ ಕಾರಿನಲ್ಲೇ ಆಗಬೇಕು, ಡಬ್ಬಿ ತೆರೆದರೆ ಎಲ್ಲರಿಗೂ ಒಂದೊಂದು ತುತ್ತು. ಅವರ ಬದಿಯಲ್ಲಿ ಗ್ರಂಥಪಾಲಕರು. ಕಲ್ಮಲಾ ದಾಟಿದ ಕೂಡಲೇ ಅವರಿಗೆ ನಿದ್ದೆ ಬರುತ್ತಿತ್ತು, ಗಬ್ಬೂರು ಬಂದರೆ ಎಚ್ಚರ. ಎಚ್ಚರವಾದವರು ತಾವು ಮಲಗಿರಲೇ ಇಲ್ಲ ಎಂದು ವಾದಿಸುತ್ತಿದ್ದರು. ಇಷ್ಟೇ. ಯಾರೂ ಯಾರ ಮನೆಯ ಕಷ್ಟವನ್ನೂ ತೀರಾ ಕೇಳುತ್ತಿರಲಿಲ್ಲ. ಆದರೆ ಹೋಗುವಾಗೊಂದು ತಾಸು, ಬರುವಾಗೊಂದು ತಾಸು ಗಾಡಿಯ ತುಂಬ ಮಾತಿರುತ್ತಿತ್ತು.

ಒಂದೇ ಬೇಸಿಗೆಯಲ್ಲಿ ಅದೆಲ್ಲ ಮುಗಿಯಿತು. ಗ್ರಂಥಪಾಲಕರು ನಿವೃತ್ತರಾದರು. ಭೌತಶಾಸ್ತ್ರದ ಮೇಡಂ ಗಂಡ ಇರುವ ಧಾರವಾಡದ ಕಡೆಗೆ ವರ್ಗ ಮಾಡಿಸಿಕೊಂಡರು. ಸರ್‌ಗೆ ಅವರ ಸ್ವಂತ ಊರು ಮಾನ್ವಿಯೇ ಸಿಕ್ಕಿತು. ಬೀಳ್ಕೊಡುವ ದಿನ ಮೂವರಿಗೂ ಒಟ್ಟಿಗೇ ಶಾಲು ಹೊದಿಸಿದೆವು. ನಾನೇ ನಿರೂಪಣೆ ಮಾಡಿದೆ. ಸಂಜೆ ಅವರನ್ನು ಮೂವರನ್ನೂ ಕೂರಿಸಿಕೊಂಡು ರಾಯಚೂರಿಗೆ ಬಂದೆ, ಒಬ್ಬೊಬ್ಬರನ್ನೂ ಅವರವರ ಓಣಿಯಲ್ಲಿ ಇಳಿಸಿದೆ.

ಜೂನ್‌ನಲ್ಲಿ ಕಾಲೇಜು ಶುರುವಾದಾಗ ನನಗೆ ಸದ್ದು ಕೇಳಿಸಿತು.

ಅದು ಯಾವಾಗ ಹುಟ್ಟಿತೋ ಹೇಳಲಾರೆ. ನಾಲ್ವರು ಮಾತಾಡುತ್ತಿದ್ದ ಕಾಲದಲ್ಲೇ ಇತ್ತೋ ಏನೋ. ರಸ್ತೆಯ ಸಣ್ಣ ತಗ್ಗಿಗೆ ಗಾಲಿ ಇಳಿದಾಗ, ರಸ್ತೆಯುಬ್ಬು ದಾಟಿ ಇಳಿಯುವಾಗ, ಮುಂದಿನ ಎಡಗಡೆ, ನೆಲದ ಕೆಳಗೆಲ್ಲೋ ಯಾರೋ ಮುಷ್ಟಿಯಿಂದ ಗುದ್ದಿದ ಹಾಗೆ. ಮೊದಲು ಡಿಕ್ಕಿಯಲ್ಲಿ ಏನೋ ಉರುಳುತ್ತಿದೆ ಎಂದುಕೊಂಡೆ. ಒಂದು ಭಾನುವಾರ ಎಲ್ಲ ತೆಗೆದು ನೋಡಿದೆ. ಗ್ರಂಥಪಾಲಕರ ಛತ್ರಿ, ಯಾರದೋ ಒಂದು ಉಕ್ಕಿನ ಚಮಚ, ಹಳೆಯ ಪೇಪರುಗಳ ಕಟ್ಟು ಸಿಕ್ಕವು. ಅವನ್ನು ಮನೆಯೊಳಗೆ ತಂದಿಟ್ಟೆ. ಮರುದಿನವೂ ಸದ್ದು ಹಾಗೇ ಇತ್ತು.

ರಾಯಚೂರಿನಲ್ಲೇ ಒಂದು ದೊಡ್ಡ ಗ್ಯಾರೇಜಿಗೆ ತೋರಿಸಿದೆ. ಗಾಜಿನ ಬಾಗಿಲು, ಕೂರಲು ಸೋಫಾ ಇರುವ ಜಾಗ. ಅಲ್ಲಿಯವರು ಗಾಡಿ ಎತ್ತಿ ನೋಡಿ, ಲಿಂಕ್ ರಾಡ್ ಎನ್ನುವ ಸಣ್ಣ ಸರಳುಗಳನ್ನು ಬದಲಿಸಿದರು. ಸದ್ದು ಹೋಗಲಿಲ್ಲ. ಎರಡನೆಯ ಸಲ ಹೋದಾಗ ಒಬ್ಬ ಯುವಕ ಗಾಡಿಯನ್ನು ಸ್ಟೇಷನ್ ರಸ್ತೆಯಲ್ಲಿ ಒಂದು ಸುತ್ತು ಹಾಕಿ ತಂದ. ಅಲ್ಲಿ ರಸ್ತೆ ಹೊಸದು. ಏನೂ ಸಪ್ಪಳವಿಲ್ಲ, ಗಾಡಿ ಛಲೋ ಅದ ಎಂದ. ನನ್ನ ಮುಖ ನೋಡಿ, ಸಮಾಧಾನ ಮಾಡುವ ಧಾಟಿಯಲ್ಲಿ ಮತ್ತೊಂದು ಮಾತು ಸೇರಿಸಿದ.

"ಒಬ್ರ ಹೋಗ್ತೀರಲ್ರಿ ಮೇಡಂ, ಅದಕ್ಕ ಕೇಳಿಸ್ತದ."

ಅವನ ಮಾತಿನಲ್ಲಿ ಕೆಟ್ಟದ್ದೇನೂ ಇರಲಿಲ್ಲ. ಕೀಲಿ ತೆಗೆದುಕೊಂಡು ಬಂದೆ. ಆದರೆ ಅವತ್ತಿನಿಂದ ನನಗೆ ನನ್ನ ಕಿವಿಯ ಮೇಲೇ ಅನುಮಾನ ಶುರುವಾಯಿತು. ಒಬ್ಬಂಟಿ ಹೆಂಗಸರಿಗೆ ಇಲ್ಲದ್ದು ಕೇಳಿಸುತ್ತದೆ ಎಂದು ಜನ ಅನ್ನುವುದನ್ನು ಸಣ್ಣವಳಿದ್ದಾಗಿನಿಂದ ಕೇಳಿದ್ದೆ. ನಮ್ಮ ಓಣಿಯಲ್ಲೊಬ್ಬಳು ವಿಧವೆ ಇದ್ದಳು, ರಾತ್ರಿ ಯಾರೋ ಬಾಗಿಲು ಬಡಿಯುತ್ತಾರೆ ಎನ್ನುತ್ತಿದ್ದಳು. ನಾವು ಮಕ್ಕಳು ನಗುತ್ತಿದ್ದೆವು. ಈಗ ನಾನು ರೇಡಿಯೋ ಹಚ್ಚಿಕೊಂಡು ಹೋಗತೊಡಗಿದೆ. ಹಾಡಿನ ನಡುವೆಯೂ ಕಿವಿ ಎಡಗಡೆಗೇ ವಾಲಿರುತ್ತಿತ್ತು. ಯಾವ ತಗ್ಗು ಎಲ್ಲಿದೆ, ಯಾವ ಸೇತುವೆಯ ಅಂಚು ಕಿತ್ತಿದೆ ಎಂದು ಇಡೀ ರಸ್ತೆ ಬಾಯಿಪಾಠವಾಯಿತು. ಸದ್ದಾದರೆ ಸಿಟ್ಟು, ಆಗದಿದ್ದರೆ ಇನ್ನೇನು ಆಗುತ್ತದೆ ಎಂಬ ಕಾಯುವಿಕೆ. ಕಾಲೇಜಿನಲ್ಲಿ ಹೊಸದಾಗಿ ಬಂದವರು ದೇವದುರ್ಗದಲ್ಲೇ ಮನೆ ಮಾಡಿದ್ದರು. ಅವರ ಹತ್ತಿರ ಈ ವಿಷಯ ಎತ್ತಲು ಮನಸ್ಸಾಗಲಿಲ್ಲ.

ದೀಪಾವಳಿ ಮುಗಿದ ಮೇಲೆ, ಒಂದು ಬೆಳಿಗ್ಗೆ ಮಸರಕಲ್ ಹತ್ತಿರ ಕುರಿಹಿಂಡು ಅಡ್ಡ ಬಂತು. ಬ್ರೇಕ್ ಒತ್ತಿದೆ. ಎಡಗಡೆ ಗುದ್ದಿದ ಸದ್ದಿನೊಂದಿಗೆ ಗಾಡಿ ತಾನಾಗಿ ಎಡಕ್ಕೆ ಎಳೆಯಿತು. ಸ್ಟೇರಿಂಗ್ ಹಿಡಿದಿದ್ದರೂ ನನ್ನ ಮಾತು ಕೇಳಲಿಲ್ಲ. ರಸ್ತೆಯಂಚಿನ ಮಣ್ಣಿನಲ್ಲಿ ನಿಂತೆ. ಕುರಿಗಳಿಗೆ ಏನೂ ಆಗಲಿಲ್ಲ. ಕುರಿಯವರು ಕೈ ಎತ್ತಿ ಹೋದರು. ಪಕ್ಕಕ್ಕೆ ತಿರುಗಿ, ನೋಡಿದಿರಾ, ಎನ್ನಲು ಬಾಯಿ ತೆರೆದೆ. ಆ ಸೀಟಿನಲ್ಲಿ ನನ್ನ ಚೀಲವಿತ್ತು.

ಅಲ್ಲಿಂದಲೇ ಅರ್ಥಶಾಸ್ತ್ರದ ಸರ್‌ಗೆ ಫೋನ್ ಮಾಡಿದೆ. ಅವರ ದನಿ ಕೇಳಿ ಎಷ್ಟು ಹಾಯೆನಿಸಿತೆಂದರೆ ಸದ್ದಿನ ಕಥೆಯನ್ನು ಅಗತ್ಯಕ್ಕಿಂತ ಉದ್ದ ಹೇಳಿದೆ. ಅವರು ಮಾನ್ವಿಯ ಒಬ್ಬ ಮಿಸ್ತ್ರಿಯ ಬಗ್ಗೆ ಹೇಳಿದರು. ಹಿಂದೆ ತಮ್ಮ ಜೀಪನ್ನು ನೋಡಿಕೊಳ್ಳುತ್ತಿದ್ದವರು, ಎಲ್ಲರೂ ಚಾಚಾ ಅನ್ನುತ್ತಾರೆ, ಈಗ ಕಿವಿ ಕೇಳುವುದಿಲ್ಲ, ಅದಕ್ಕೇ ಜನ ಕಡಿಮೆಯಾಗಿದ್ದಾರೆ, ಆದರೆ ಕೈ ಒಳ್ಳೆಯದು ಎಂದರು. ಎರಡನೆಯ ಶನಿವಾರ ಬರ್ರಿ, ನಾನೂ ಅಲ್ಲೇ ಇರ್ತೀನಿ, ಊಟ ನಮ್ಮನಿಯಾಗ ಎಂದರು.

ಶುಕ್ರವಾರ ಸಂಜೆ ಶೇಂಗಾ ಹೋಳಿಗೆ ಮಾಡಿದೆ. ಒಬ್ಬಳಿಗಾಗಿ ನಾನು ಹೋಳಿಗೆ ಮಾಡುವುದಿಲ್ಲ. ಲಟ್ಟಣಿಗೆಯನ್ನು ಎಲ್ಲಿಟ್ಟಿದ್ದೇನೆಂದು ಹುಡುಕಬೇಕಾಯಿತು. ಇಸ್ತ್ರಿ ಮಾಡಿದ ಇಳಕಲ್ ಸೀರೆ ಉಟ್ಟುಕೊಂಡು ಬೆಳಿಗ್ಗೆ ಹೊರಟೆ. ಗ್ಯಾರೇಜಿಗೆ ಹೋಗಲು ಯಾರು ಅಂಥ ಸೀರೆ ಉಡುತ್ತಾರೆ ಎಂದು ಕಲ್ಲೂರು ದಾಟಿದ ಮೇಲೆ ಹೊಳೆಯಿತು. ರಸ್ತೆಯ ಎರಡೂ ಬದಿ ಭತ್ತ ಕೊಯ್ಲಿಗೆ ಬಂದಿತ್ತು. ಯಂತ್ರಗಳು ಗದ್ದೆಗಿಳಿದಿದ್ದವು. ನಾನು ಗಂಟೆಗೆ ಮೂವತ್ತರ ಮೇಲೆ ಹೋಗಲಿಲ್ಲ. ಹಿಂದಿನಿಂದ ಬಂದವರೆಲ್ಲ ಹಾರ್ನ್ ಹೊಡೆದು ಮುಂದೆ ಹೋದರು.

ಚಾಚಾ ಅವರ ಗ್ಯಾರೇಜು ಊರಿಗೆ ಹೋಗುವ ದಾರಿಯಲ್ಲೇ, ಬೇವಿನಮರದ ಕೆಳಗೊಂದು ತಗಡಿನ ಶೆಡ್ಡು. ನೆಲದಲ್ಲಿ ಗಾಡಿಯ ಕೆಳಗೆ ನಿಂತು ಕೆಲಸ ಮಾಡಲು ಕಟ್ಟಿದ ಉದ್ದನೆಯ ಗುಂಡಿ. ಬದಿಯಲ್ಲಿ ಚಹದಂಗಡಿ. ಅರವತ್ತೈದರ ಆಸುಪಾಸಿನ ಮನುಷ್ಯ, ಬಿಳಿಗಡ್ಡ, ಎಣ್ಣೆಯ ಕಲೆಯಾಗಿದ್ದರೂ ಗುಂಡಿ ಪೂರ್ತಿ ಹಾಕಿದ ಅಂಗಿ. ಜೇಬಿನಲ್ಲಿ ಕರವಸ್ತ್ರ ಸುತ್ತಿದ ಕಿವಿಯ ಯಂತ್ರ. ಅದನ್ನು ಹಾಕಿಕೊಂಡರೆ ಸುತ್ತಿಗೆಯ ಪೆಟ್ಟು ತಲೆಯೊಳಗೇ ಬಿದ್ದ ಹಾಗಾಗುತ್ತದೆ, ಅದಕ್ಕೇ ಹಾಕಿಕೊಳ್ಳುವುದಿಲ್ಲ ಎಂದು ತಾವೇ ಹೇಳಿದರು. ಬಲಗಿವಿಯ ಹತ್ತಿರ ಬಾಯಿ ಇಟ್ಟು ಕೂಗಿದರೆ ಒಂದಿಷ್ಟು ಕೇಳುತ್ತದಂತೆ. ಸರ್ ಇನ್ನೂ ಬಂದಿರಲಿಲ್ಲ.

"ಸಪ್ಪಳ ಹೆಂಗ ಬರ್ತದ್ರಿ? ಟಕ್ ಅಂತದೋ, ದಡ್ ಅಂತದೋ?"

ಅನುಕರಣಾವ್ಯಯಗಳ ಪಾಠವನ್ನು ನಾನು ವರ್ಷವರ್ಷವೂ ಮಾಡಿದ್ದೇನೆ. ಪಟಪಟ, ಧಗಧಗ, ಜುಳುಜುಳು ಎಂದು ಹಲಗೆಯ ಮೇಲೆ ಬರೆದರೆ ಮಕ್ಕಳು ಬರೆದುಕೊಳ್ಳುತ್ತಾರೆ. ಉತ್ತರದಿಂದ ಏನಾದರೂ ಆಗಬೇಕಾದಂಥ ಪ್ರಶ್ನೆಯನ್ನು ಆ ಪಾಠದಲ್ಲಿ ಯಾರೂ ನನಗೆ ಕೇಳಿರಲಿಲ್ಲ. ಅವರ ಕಿವಿಯ ಹತ್ತಿರ ಬಾಗಿ ದಡ್ ಎಂದು ಕೂಗಿದೆ. ಚಹದಂಗಡಿಯಲ್ಲಿ ಕೂತವರು ತಿರುಗಿ ನೋಡಿದರು. ಒಂದೇ ದಡ್ಡೋ, ದಡದಡವೋ ಎಂದು ಅವರು ಮತ್ತೆ ಕೇಳಿದರು. ಒಂದೇ ಎಂದು ಬೆರಳೆತ್ತಿದೆ. ಕಂಬಳಿ ಸುತ್ತಿದ ಕೊಡವನ್ನು ಕಲ್ಲಿನ ಮೇಲೆ ಇಟ್ಟ ಹಾಗೆ ಎಂದು ಕೂಗಿ ಹೇಳಿದೆ. ಅವರು ಕಣ್ಣು ಮುಚ್ಚಿ ಆ ಮಾತನ್ನು ಒಳಗೆ ತೆಗೆದುಕೊಂಡರು.

ಒಂದು ಸುತ್ತು ಹೊಡೆದು ಬರೋಣ, ನೀವೇ ನಡೆಸಿ ಎಂದರು. ಪಕ್ಕದ ಸೀಟಿನಿಂದ ಚೀಲ, ನೀರಿನ ಬಾಟಲಿ, ಹೋಳಿಗೆಯ ಡಬ್ಬಿ ಎಲ್ಲ ಹಿಂದಕ್ಕೆ ಸರಿಸಿದೆ. ಬೇಸಿಗೆಯ ನಂತರ ಆ ಸೀಟಿನಲ್ಲಿ ಕೂತ ಮೊದಲ ಮನುಷ್ಯ ಅವರು. ಕೂತವರು ಚಪ್ಪಲಿ ಬಿಟ್ಟು, ಬರಿಯ ಪಾದಗಳನ್ನು ಗಾಡಿಯ ನೆಲಕ್ಕೆ ಊರಿ, ಒಂದು ಅಂಗೈಯನ್ನು ಬಾಗಿಲಿಗೆ ಒತ್ತಿ ಹಿಡಿದರು. ಕುರ್ಡಿಯ ಕಡೆಗೆ ಹೋಗುವ ರಸ್ತೆಗೆ ತಿರುಗಿಸಿದೆವು. ನಾನು ರೂಢಿಯಂತೆ ತಗ್ಗು ತಪ್ಪಿಸಿದರೆ ಅವರು ಬೇಡವೆಂದು ತಲೆಯಾಡಿಸಿ, ಅದರಲ್ಲೇ ಇಳಿಸಲು ಕೈ ತೋರಿಸುತ್ತಿದ್ದರು. ಇಳಿಸಿದೆ. ಸದ್ದಾಯಿತು. ಅವರು ನನ್ನ ಮುಖ ನೋಡಿದರು. ನಾನು ಹೌದೆಂದು ತಲೆಯಾಡಿಸಿದೆ. ಹೀಗೆ ಒಂದೂ ಮಾತಿಲ್ಲದೆ ಎಷ್ಟೋ ದೂರ ಹೋದೆವು. ತಗ್ಗು ಬಂದಾಗಲೆಲ್ಲ ಅವರು ನೋಡುವುದು, ನಾನು ತಲೆಯಾಡಿಸುವುದು. ಒಂದು ಕಡೆ ಸದ್ದು ಆಗುವ ಮೊದಲೇ ನಾನು ತಲೆಯಾಡಿಸಿದೆ. ಅವರು ನಕ್ಕರು.

ಹಿಂದಿರುಗುವಾಗ ಇದು ಸ್ಟೇರಿಂಗಿನ ದೋಷವಿರಬಹುದು ಎಂದರು. ಗುಂಡಿಯ ಮೇಲೆ ಗಾಡಿ ನಿಲ್ಲಿಸಿ, ಜಾಕ್ ಕೊಟ್ಟು ಮುಂಭಾಗ ಎತ್ತಿ, ಕೆಳಗೆ ದಪ್ಪ ಮರದ ತುಂಡುಗಳನ್ನು ಕೊಟ್ಟರು. ಗಾಲಿಯನ್ನು ಎಡಬಲಕ್ಕೆ ಹಿಡಿದು ಅಲ್ಲಾಡಿಸಿದರು. ಬಿಗಿಯಾಗಿತ್ತು. ಸ್ಟೇರಿಂಗ್ ಅಲ್ಲವೆಂದು ತಾವೇ ತಮ್ಮ ಮಾತು ಹಿಂದೆ ತೆಗೆದುಕೊಂಡರು. ಮೇಲೆ ಕೆಳಗೆ ಹಿಡಿದು ಅಲ್ಲಾಡಿಸಿದಾಗ ಸ್ವಲ್ಪ ಸಡಿಲ. ಟೈರಿನ ಒಳಅಂಚು ಮಾತ್ರ ಸವೆದು ನುಣ್ಣಗಾದದ್ದನ್ನು ನನ್ನ ಬೆರಳು ಹಿಡಿದು ಮುಟ್ಟಿಸಿದರು. ಆಮೇಲೆ ಗಾಡಿ ಇಳಿಸಿ, ತಾವು ಗುಂಡಿಗಿಳಿದು, ನನ್ನನ್ನು ಸ್ಟೇರಿಂಗಿನ ಮುಂದೆ ಕೂರಿಸಿದರು. ಒಂದಿಷ್ಟು ಮುಂದೆ ಬಿಟ್ಟು ಬ್ರೇಕ್ ಒತ್ತಬೇಕು, ಒಂದಿಷ್ಟು ಹಿಂದೆ ಬಿಟ್ಟು ಬ್ರೇಕ್ ಒತ್ತಬೇಕು. ಒಬ್ಬರು ಒತ್ತಬೇಕು, ಒಬ್ಬರು ಕೆಳಗಿಂದ ನೋಡಬೇಕು. ಒಬ್ಬರಿಂದಾಗುವ ಕೆಲಸವಲ್ಲ ಇದು. ಕೆಳಗಿನಿಂದ ಅವರ ದನಿ ಬಂತು.

"ಟೀಚರಮ್ಮಾ, ಇಳಿದು ಬರ್ರಿ. ಸಿಕ್ಕೇತಿ."

ಸೀರೆಯ ನೆರಿಗೆ ಎತ್ತಿ ಸಿಕ್ಕಿಸಿಕೊಂಡು ಗುಂಡಿಯ ಮೆಟ್ಟಿಲಿಳಿದೆ. ಇಷ್ಟು ವರ್ಷ ಓಡಿಸಿದ ಗಾಡಿಯ ಹೊಟ್ಟೆಯನ್ನು ಅವತ್ತೇ ಮೊದಲು ನೋಡಿದ್ದು. ಗಾಲಿಯಿಂದ ಒಳಗಿನ ಚೌಕಟ್ಟಿಗೆ ಮಡಿಸಿದ ಮೊಣಕೈಯಂಥ ಒಂದು ಕಬ್ಬಿಣ ಹೋಗಿತ್ತು. ಅದಕ್ಕೆ ಲೋವರ್ ಆರ್ಮ್ ಅನ್ನುತ್ತಾರೆ, ಗಾಲಿಯನ್ನು ಹಿಡಿದ ಕೈ ಅದೇ ಎಂದರು. ಗಾಲಿಯ ತುದಿಗೆ ಗುಂಡಿನ ಕೀಲು. ಒಳಗಿನ ತುದಿಗೆ, ಕಬ್ಬಿಣಕ್ಕೆ ಕಬ್ಬಿಣ ತಾಗದಂತೆ ತಡೆಯುವ ರಬ್ಬರಿನ ಬುಷ್‌ಗಳು. ರಬ್ಬರು ಒಣಗಿ, ಸೀಳಿ, ಹಳೆಯ ಚಪ್ಪಲಿಯ ಅಟ್ಟೆಯ ಹಾಗೆ ಪದರು ಬಿಟ್ಟಿತ್ತು. ಬಲಗಡೆಯದೂ ಸವೆದಿತ್ತು, ಎಡಗಡೆಯಷ್ಟು ಅಲ್ಲ. ಅವರು ಸಣ್ಣ ಹಾರೆಯನ್ನು ಸಂದಿಗೆ ಕೊಟ್ಟು ಮೀಟಿದರು. ಕಬ್ಬಿಣ ಜಾರಿ ಕಬ್ಬಿಣಕ್ಕೆ ಬಡಿಯಿತು.

ದಡ್.

ಅದೇ ಸದ್ದು. ಜೂನ್‌ನಿಂದ ನನ್ನ ಜೊತೆಗಿದ್ದದ್ದು. ಚಾಚಾ ಹಾರೆ ಹಿಡಿದುಕೊಂಡೇ ನನ್ನ ಮುಖ ನೋಡುತ್ತಿದ್ದರು. ಅವರಿಗೆ ಅದು ಕೇಳಿರಲಿಲ್ಲ, ಕೈಗೆ ಮಾತ್ರ ತಾಗಿತ್ತು. ನಾನು ತಲೆಯಾಡಿಸಿದೆ, ಮತ್ತೊಮ್ಮೆ ಮೀಟಲು ಸನ್ನೆ ಮಾಡಿದೆ. ಮತ್ತೆ ಮೀಟಿದರು. ಇತ್ತು. ಸದ್ದು ಇತ್ತು. ನನ್ನ ಕಿವಿಯಲ್ಲಿ ಹುಟ್ಟಿದ್ದಲ್ಲ. ಕಣ್ಣು ತುಂಬಿ ಬಂದವು. ಅವರಿಗೆ ಕಾಣದಂತೆ ಆ ಕಡೆ ತಿರುಗಿ ಒರೆಸಿಕೊಂಡೆ. ಸೆರಗಿಗೆ ಗ್ರೀಸ್ ಹತ್ತಿತು.

ಎರಡೂ ಕಡೆಯವನ್ನು ಬದಲಿಸಬೇಕು, ಸಾಮಾನು ರಾಯಚೂರಿನ ಅಂಗಡಿಯಿಂದ ಬಸ್ಸಿನಲ್ಲಿ ತರಿಸಬೇಕು ಎಂದರು. ಹೇಳಿ ಚಹದಂಗಡಿಯ ಕಡೆ ನೋಡಿದರು. ಯಾಕೆಂದು ತಡವಾಗಿ ತಿಳಿಯಿತು: ಅವರಿಗೆ ಫೋನಿನಲ್ಲಿ ಮಾತಾಡಲು ಆಗುವುದಿಲ್ಲ. ಚಹದಂಗಡಿಯವರು ಬಿಡುವಿದ್ದಾಗ ಮಾಡಿಕೊಡುತ್ತಿದ್ದರಂತೆ. ನಾನೇ ಮಾಡಿದೆ. ಅವರು ಗಾಡಿಯ ವರ್ಷ, ಮಾದರಿ ಕೂಗಿ ಹೇಳುವುದು, ನಾನು ಅದನ್ನು ಸಾಧಾರಣ ದನಿಯಲ್ಲಿ ಅಂಗಡಿಯವರಿಗೆ ಮುಟ್ಟಿಸುವುದು. ಅಂಗಡಿಯವರು, ಚಾಚಾ ಇನ್ನೂ ಕೆಲಸ ಮಾಡ್ತಾರೇನ್ರಿ ಎಂದು ಕೇಳಿದರು. ಅದನ್ನು ನಾನು ಮುಟ್ಟಿಸಲಿಲ್ಲ.

ಸಾಮಾನು ಬರುವುದರೊಳಗೆ ಸರ್ ಬಂದರು. ಹೊಸದೊಂದು ಬಿಳಿ ಕಾರು ರಸ್ತೆಯ ಮೇಲೆ ನಿಂತಿತು; ಮುಂದಿನ ಬಾಗಿಲು ತೆರೆದು ಅವರು ಒಂದು ಕಾಲು ಕೆಳಗಿಟ್ಟರು. ಇನ್ನೊಂದು ಕಾಲು ಒಳಗೇ ಇತ್ತು. ಗರಿಗರಿ ಬಿಳಿ ಅಂಗಿ. ಒಳಗೆ ಮೂವರು, ಮಾನ್ವಿಯ ಕಾಲೇಜಿನವರಂತೆ, ಯಾವುದೋ ಮಾತಿಗೆ ಇನ್ನೂ ನಗುತ್ತಿದ್ದರು. ಸರ್ ಅವರ ಮಡಿಲಲ್ಲಿ ಪೇಪರಿತ್ತು. ಸಿಂಧನೂರಿನಲ್ಲಿ ಒಂದು ನಿಶ್ಚಿತಾರ್ಥ, ಎಲ್ಲರೂ ಹೊರಟಿದ್ದೇವೆ, ಮರೆತೇ ಹೋಗಿತ್ತು ನೋಡಿ ಎಂದರು. ನಾನು ಸಿಕ್ಕ ದೋಷದ ಬಗ್ಗೆ ಹೇಳತೊಡಗಿದೆ. ಅವರು ಹೌದಾ, ಹೌದಾ ಎನ್ನುತ್ತಲೇ ಒಳಗಿನವರ ಕಡೆ ಒಮ್ಮೆ ನೋಡಿದರು. ನಾನು ಮಾತು ಮೊಟಕು ಮಾಡಿದೆ.

"ಇನ್ನೊಮ್ಮೆ ಮನಿಗಿ ಬರ್ಬೇಕ್ರಿ ಮೇಡಂ, ಮರೀಬ್ಯಾಡ್ರಿ."

ಬಾಗಿಲು ಮುಚ್ಚಿತು. ಹೋಳಿಗೆಯ ಡಬ್ಬಿ ಹಿಂದಿನ ಸೀಟಿನಲ್ಲೇ ಇದ್ದುದು ಆಮೇಲೆ ನೆನಪಾಯಿತು. ಅವರ ಮೇಲೆ ಸಿಟ್ಟು ಬರಲಿಲ್ಲ. ಅವರಿಗೆ ಮುಂದಿನ ಸೀಟು ಬೇಕು, ಪೇಪರು ಬೇಕು, ಕೇಳುವ ನಾಲ್ಕು ಜನ ಬೇಕು. ಅದು ಅವರಿಗೆ ಇಲ್ಲೂ ಸಿಕ್ಕಿತ್ತು. ಇಷ್ಟು ವರ್ಷ ನಾನು ಅದನ್ನು ಸ್ನೇಹವೆಂದು ಎಣಿಸಿದ್ದೆ. ಸ್ನೇಹವೇ ಇದ್ದೀತು, ಆದರೆ ಅದು ಗಾಡಿ ಓಡುವಷ್ಟು ಹೊತ್ತಿನದು.

ಬಸ್ ನಿಲ್ದಾಣಕ್ಕೆ ನಡೆದೇ ಹೋದೆ. ರಾಯಚೂರಿನ ಬಸ್ಸು ಬಂದಾಗ ಕಂಡಕ್ಟರು ಡ್ರೈವರ್ ಸೀಟಿನ ಹಿಂದಿನಿಂದ ಎರಡು ಉದ್ದನೆಯ ಡಬ್ಬ ತೆಗೆದುಕೊಟ್ಟರು. ಭಾರವಿದ್ದವು. ಇಳಕಲ್ ಸೀರೆಯಲ್ಲಿ, ಕಂಕುಳಿಗೊಂದರಂತೆ ಕಬ್ಬಿಣದ ಕೈಗಳನ್ನು ಅವಚಿಕೊಂಡು ಮಾನ್ವಿಯ ಬಿಸಿಲಿನಲ್ಲಿ ನಡೆದು ಬಂದೆ. ನನ್ನ ಗುರುತಿನವರು ಯಾರೂ ಆ ಊರಿನಲ್ಲಿರಲಿಲ್ಲ. ಅದೇ ಒಳ್ಳೆಯದಾಯಿತು.

ಊಟದ ಹೊತ್ತಾಗಿತ್ತು. ಚಾಚಾ ತಮ್ಮ ರೊಟ್ಟಿಯ ಗಂಟು ಬಿಚ್ಚಿದರು. ನಾನು ಹೋಳಿಗೆಯ ಡಬ್ಬಿ ತೆರೆದೆ. ಬೇವಿನ ನೆರಳಿನಲ್ಲಿ ಹಳೆಯ ಸೀಟೊಂದರ ಮೇಲೆ ನಾನು, ಡಬ್ಬದ ಮೇಲೆ ಅವರು. ಜೋಳದ ರೊಟ್ಟಿ, ಪುಂಡಿಪಲ್ಯ ನನ್ನ ಪಾಲಿಗೂ ಬಂತು. ಮನೆ ಇದೇ ಊರಿನಲ್ಲಿದ್ದೂ ಊಟಕ್ಕೆ ಯಾಕೆ ಹೋಗುವುದಿಲ್ಲ ಎಂದು ಕಿವಿಯ ಹತ್ತಿರ ಕೇಳಿದೆ. ಅವರು ಹೋಳಿಗೆ ಮುರಿದರು. ಮನೆ ತುಂಬ ಜನ ಇದ್ದಾರೆ, ಸೊಸೆಯಂದಿರು, ಮೊಮ್ಮಕ್ಕಳು, ಎಲ್ಲರೂ ಒಳ್ಳೆಯವರು ಎಂದರು.

"ಉಣ್ಣಾಕ ಕೂತಾಗ ಎಲ್ಲಾರೂ ನಗ್ತಾರ್ರಿ. ಯಾಕ ನಗಾಕತ್ತೀರಿ ಅಂತ ಕೇಳಿದ್ರ, ಏನಿಲ್ಲ ಅಂತಾರ. ಅದೊಂದು ಮಾತು ಬರೋಬ್ಬರಿ ತಿಳೀತದ ನನಗ, ತುಟಿ ನೋಡಿದ್ರ ಸಾಕು."

ಇನ್ನೊಂದು ಹೋಳಿಗೆ ಅವರ ತಾಟಿಗೆ ಹಾಕಿದೆ. ಅವರಿಗೆ ಮನೆ ತುಂಬ ಮಾತು, ಒಂದೂ ಕೇಳುವುದಿಲ್ಲ. ನನಗೆ ಎಲ್ಲವೂ ಕೇಳುತ್ತದೆ, ಮಾತಾಡುವವರಿಲ್ಲ. ಇಬ್ಬರಲ್ಲಿ ಯಾರ ಕಷ್ಟ ದೊಡ್ಡದೆಂದು ಅಳೆಯಲು ಹೋಗಲಿಲ್ಲ. ಬಿಸಿಲಿನಲ್ಲಿ ಲಾರಿಗಳು ಭತ್ತದ ಚೀಲ ಹೊತ್ತು ಗಿರಣಿಗಳ ಕಡೆ ಹೋಗುತ್ತಿದ್ದವು. ಇಬ್ಬರೂ ಅವನ್ನೇ ನೋಡುತ್ತಾ ಉಂಡೆವು.

ಮಧ್ಯಾಹ್ನವೆಲ್ಲ ಕೆಲಸ ನಡೆಯಿತು. ಗಾಲಿ ಬಿಚ್ಚಿದರು. ಬೋಲ್ಟುಗಳು ತುಕ್ಕು ಹಿಡಿದು ಕಚ್ಚಿಕೊಂಡಿದ್ದವು. ಡೀಸೆಲ್ ಬಿಟ್ಟು ಕಾದರು, ಮತ್ತೆ ತಿರುಗಿಸಿದರು. ಒಂದು ಮಾತ್ರ ಅಲ್ಲಾಡಲಿಲ್ಲ. ಬೋಲ್ಟು ತಿರುಗಿಸುವ ಪಾನಾದ ಹಿಡಿಗೆ ಉದ್ದನೆಯ ಪೈಪು ಸೇರಿಸಿ ಅವರು ಎಳೆದರು, ಆಗಲಿಲ್ಲ. ನಾನೂ ಕೈ ಹಾಕಿದೆ. ಇಬ್ಬರೂ ಜಗ್ಗಿದೆವು. ಕಿರ್ ಎಂದಿತು. ಬಂತು ಎಂದು ಕೂಗಿದವಳು ನಾನು. ಅವರಿಗೆ ಅದು ಅಂಗೈಯಲ್ಲೇ ಗೊತ್ತಾಗಿತ್ತು. ಗುಂಡಿನ ಕೀಲು ಬಿಡಿಸಲು ಅದು ಕೂತಿದ್ದ ಕಬ್ಬಿಣದ ಮನೆಗೆ ಸುತ್ತಿಗೆಯಿಂದ ಬದಿಯಲ್ಲಿ ಹೊಡೆದರು. ಆ ಹೊಡೆತಕ್ಕೆ ನಾನು ಎರಡೂ ಕಿವಿ ಮುಚ್ಚಿಕೊಂಡೆ. ಅವರು ಹಾಯಾಗಿ ಹೊಡೆಯುತ್ತಲೇ ಇದ್ದರು.

ಹಳೆಯ ಕೈ ಕಳಚಿ ಬಂದಾಗ ಅದನ್ನು ನನ್ನ ಕೈಗೆ ಕೊಟ್ಟರು. ಗುಂಡಿನ ಕೀಲು ಹಾಲುಹಲ್ಲಿನ ಹಾಗೆ ಸಡಿಲವಾಗಿ ಆಡುತ್ತಿತ್ತು. ಹೊಸದನ್ನು ಕೂರಿಸಿದರು, ಆದರೆ ಬೋಲ್ಟುಗಳನ್ನು ಪೂರ್ತಿ ಬಿಗಿಯಲಿಲ್ಲ. ಯಾಕೆಂದು ಸನ್ನೆಯಲ್ಲಿ ಕೇಳಿದೆ. ಗಾಡಿ ಗಾಳಿಯಲ್ಲಿದ್ದಾಗ ಬಿಗಿದರೆ ರಬ್ಬರು ತಿರುಚಿಕೊಂಡು ಕೂರುತ್ತದೆ, ಬೇಗ ಹರಿಯುತ್ತದೆ. ಗಾಲಿ ಹಾಕಿ, ಗಾಡಿ ತನ್ನ ಭಾರವನ್ನು ತಾನು ಹೊತ್ತು ನೆಲದ ಮೇಲೆ ನಿಂತ ಮೇಲೆಯೇ ಬಿಗಿಯಬೇಕು ಎಂದರು. ಬಲಗಡೆಯದನ್ನೂ ಹಾಗೇ ಮಾಡಿದರು. ಗಾಡಿ ಕೆಳಗಿಳಿಸಿ, ಗುಂಡಿಯೊಳಗಿನಿಂದ ಒಂದೊಂದೇ ಬೋಲ್ಟು ಬಿಗಿದರು.

ಮತ್ತೆ ಕುರ್ಡಿಯ ರಸ್ತೆ. ಮತ್ತೆ ಬರಿಗಾಲು. ಬೆಳಗಿನ ಎಲ್ಲ ತಗ್ಗುಗಳಲ್ಲೂ ಇಳಿಸಿದೆ. ಅವರು ಪ್ರತಿ ಸಲ ನನ್ನ ಮುಖ ನೋಡಿದರು. ಪ್ರತಿ ಸಲ ಇಲ್ಲವೆಂದು ತಲೆಯಾಡಿಸಿದೆ. ಖಾತ್ರಿಯೇನ್ರಿ ಎಂದು ಕೇಳಿದರು. ಕಿವಿಯ ಹತ್ತಿರ ಬಾಗಿ, ಖಾತ್ರಿ ಚಾಚಾ ಎಂದು ಕೂಗಿದೆ. ಅವರು ಸೀಟಿಗೆ ಒರಗಿ ಕೂತರು. ಆಮೇಲೆ ಅಷ್ಟೇನೂ ಅಗತ್ಯವಿರದಿದ್ದರೂ ಇನ್ನೂ ಸ್ವಲ್ಪ ಮುಂದೆ ಹೋಗೋಣ ಎಂದರು. ಹೋದೆವು. ಕಾಲುವೆಯ ಹತ್ತಿರ ಗಾಡಿ ನಿಲ್ಲಿಸಿ, ಇಬ್ಬರೂ ಇಳಿದು, ನೀರು ನೋಡಿ ತಿರುಗಿ ಬಂದೆವು.

ಅಲ್ಲಿಂದೀಚೆಗೆ ಗಾಡಿಯ ಏನೇ ಕೆಲಸವಿದ್ದರೂ ಮಾನ್ವಿಗೇ ಹೋಗುತ್ತೇನೆ. ಮೊದಲೇ ತಿಳಿಸಲು ಅವರಿಗೆ ಫೋನ್ ಮಾಡಲಾಗದು. ಸುಮ್ಮನೆ ಹೋಗಿ ನಿಲ್ಲುತ್ತೇನೆ. ಒಮ್ಮೆ ಹೋದಾಗ ಶೆಡ್ಡು ಮುಚ್ಚಿತ್ತು. ಹೈದರಾಬಾದಿಗೆ ಮಗಳ ಮನೆಗೆ ಹೋಗಿದ್ದಾರೆಂದು ಚಹದಂಗಡಿಯವರು ಹೇಳಿದರು. ಚಹ ಕುಡಿದು ವಾಪಸ್ಸು ಬಂದೆ.

ಆ ಕಬ್ಬಿಣದ ಕೈಗಳನ್ನು ಬದಲಿಸಿದ ಮರುದಿನ, ಭಾನುವಾರ, ರಾಯಚೂರಿನಲ್ಲಿ ಗಾಲಿಗಳನ್ನು ನೇರಕ್ಕೆ ತರುವ ಅಲೈನ್‌ಮೆಂಟ್ ಮಾಡಿಸಿದೆ. ಅದನ್ನು ಮಾಡಿಸಲೇಬೇಕೆಂದು ಚಾಚಾ ಹೇಳಿದ್ದರು. ಅಲ್ಲಿಯವರು ಸವೆದ ಟೈರುಗಳನ್ನು ಹಿಂದಕ್ಕೆ ಹಾಕಿದರು. ನೇರ ರಸ್ತೆ ಸಿಕ್ಕಾಗ ಸ್ಟೇರಿಂಗಿನಿಂದ ಒಂದು ಕ್ಷಣ ಕೈ ಬಿಟ್ಟು ನೋಡಿ, ಗಾಡಿ ಪಕ್ಕಕ್ಕೆ ಎಳೆದರೆ ಮತ್ತೆ ಬನ್ನಿ ಎಂದು ಕಳಿಸಿದರು.

ಸೋಮವಾರ ದೇವದುರ್ಗಕ್ಕೆ ಹೊರಟೆ. ರೇಡಿಯೋ ಹಚ್ಚಲಿಲ್ಲ. ಕಲ್ಮಲಾದ ಉಬ್ಬುಗಳು ಹೋದವು, ಕಿತ್ತ ಸೇತುವೆ ಹೋಯಿತು. ಒಂದು ಸದ್ದೂ ಇಲ್ಲ. ಟೈರು ರಸ್ತೆಗೆ ಉಜ್ಜುವ ಮೊರೆತ, ಕಿಟಕಿಯ ಗಾಳಿ, ಅಷ್ಟೇ. ಹೊಸ ಗಾಡಿಯ ಹಾಗೆ ಹೋಗುತ್ತಿತ್ತು. ಸಂತೋಷವಾಗಬೇಕಿತ್ತು, ಆಯಿತು ಕೂಡ. ಆದರೆ ಗಬ್ಬೂರು ಬರುವ ಹೊತ್ತಿಗೆ ಕಿವಿ ಮತ್ತೆ ಎಡಗಡೆಗೇ ವಾಲಿತ್ತು. ಇಷ್ಟು ತಿಂಗಳು ಆ ಸದ್ದನ್ನು ಬೈಯುತ್ತಾ, ಅದಕ್ಕೆ ಹೆದರುತ್ತಾ, ಅದರ ಸಲುವಾಗಿ ಗ್ಯಾರೇಜು, ಫೋನು ಎಂದು ತಿರುಗುತ್ತಾ ದಿನ ಹೋಗಿದ್ದವು. ಇನ್ನು ಈ ರಸ್ತೆಯಲ್ಲಿ ಕೇಳಲು ಏನೂ ಇಲ್ಲ, ಯಾರಿಗೂ ಹೇಳಲು ಏನೂ ಇಲ್ಲ. ಹೋಗುವಾಗೊಂದು ತಾಸು, ಬರುವಾಗೊಂದು ತಾಸು, ನಿವೃತ್ತಿಯವರೆಗೆ.

ಗಬ್ಬೂರು ದಾಟಿದ ಮೇಲೆ ಹತ್ತಿಹೊಲಗಳ ನಡುವೆ ರಸ್ತೆ ನೆಟ್ಟಗೆ ಸಿಗುತ್ತದೆ. ಮುಂದೆ ಯಾರೂ ಇರಲಿಲ್ಲ, ಹಿಂದೆಯೂ ಇರಲಿಲ್ಲ. ವೇಗ ಇಳಿಸಿ ಸ್ಟೇರಿಂಗಿನಿಂದ ಕೈ ತೆಗೆದೆ. ಪಕ್ಕದಲ್ಲಿ ಯಾರಾದರೂ ಇದ್ದಿದ್ದರೆ ಹೌಹಾರಿ ಕೂಗುತ್ತಿದ್ದರು. ಗಾಡಿ ಎಡಕ್ಕೂ ಎಳೆಯಲಿಲ್ಲ, ಬಲಕ್ಕೂ ಎಳೆಯಲಿಲ್ಲ. ಎರಡೂ ಕೈಗಳನ್ನು ಮಡಿಲಲ್ಲಿಟ್ಟುಕೊಂಡು ಕೂತೆ. ಹತ್ತಿ ಬಿಡಿಸುತ್ತಿದ್ದ ಹೆಂಗಸರು ಬೆನ್ನು ನೇರ ಮಾಡಿ ಇತ್ತ ನೋಡಿದರು. ದೂರದಲ್ಲಿ ಎದುರಿಗೆ ಒಂದು ಟ್ರ್ಯಾಕ್ಟರು ಕಾಣಿಸಿತು. ಅದು ಹತ್ತಿರವಾಗುವ ಮುಂಚೆ ಮತ್ತೆ ಸ್ಟೇರಿಂಗ್ ಹಿಡಿದೆ.